ಜಗತ್ತಿನ ಧರ್ಮಗಳ ಹೋಲಿಕೆ ಚಾರ್ಟ್: ಹಿಂಬದಿಗೆ ಭೇಷ್, ಮುಂಬದಿಗೆ ಸ್ವಲ್ಪ ಹುಷಾರು

ಒಂದೇ ದೊಡ್ಡ ಹಾಳೆ, ಎರಡೂ ಬದಿ ಅಚ್ಚು. ಮುಂಬದಿಯಲ್ಲಿ ಹನ್ನೊಂದು ಧರ್ಮಗಳ ಕೋಷ್ಟಕ: ಸ್ಥಾಪಕರು ಯಾರು, ಗ್ರಂಥ ಯಾವುದು, ದೇವರ ಬಗ್ಗೆ ಏನು ನಂಬಿಕೆ, ಸತ್ತ ಮೇಲೆ ಏನು, ಅನುಯಾಯಿಗಳು ಎಷ್ಟು. ಹಿಂಬದಿಯಲ್ಲಿ ಒಂದೊಂದು ಧರ್ಮವೂ ಯಾವಾಗ, ಎಲ್ಲಿ ಕವಲೊಡೆಯಿತು ಅಂತ ತೋರಿಸುವ ಮರಗಳು, ಇಸವಿ ಸಮೇತ. ಪ್ರಕಾಶಕರ ಹೆಸರು ಬರೆಯುವುದಿಲ್ಲ. ಇದೇ ನಮೂನೆಯ ಚಾರ್ಟುಗಳು ಬೇಕಾದಷ್ಟಿವೆ, ತಪ್ಪುಗಳೂ ಹೆಚ್ಚು ಕಡಿಮೆ ಇವೇ. ನನ್ನ ಲೆಕ್ಕದಲ್ಲಿ ಮುಂಬದಿಗೆ 5ಕ್ಕೆ 2, ಹಿಂಬದಿಗೆ 4. ಸರಾಸರಿ ನೀವೇ ಹಾಕಿಕೊಳ್ಳಿ.

ಮುಂಬದಿಯ ತೊಂದರೆ ಏನು ಅಂದರೆ, ಎಲ್ಲರಿಗೂ ಒಂದೇ ಪ್ರಶ್ನೆಪತ್ರಿಕೆ ಕೊಟ್ಟಿದ್ದಾರೆ. ಒಬ್ಬ ಸ್ಥಾಪಕ, ಒಂದು ಗ್ರಂಥ, ಒಬ್ಬ ದೇವರು, ಒಂದು ನಂಬಿಕೆಯ ಪಟ್ಟಿ. ಕ್ರೈಸ್ತ, ಇಸ್ಲಾಂ ಧರ್ಮಗಳಿಗೆ ಈ ಪ್ರಶ್ನೆಗಳು ಸಲೀಸಾಗಿ ಹೊಂದುತ್ತವೆ. ಉಳಿದವರು ಕಷ್ಟಪಟ್ಟು ಉತ್ತರ ಬರೆದ ಹಾಗೆ ಕಾಣುತ್ತಾರೆ, ಕೆಲವು ಕಡೆ ಬರೀ ಗೆರೆ ಎಳೆದು ಬಿಟ್ಟಿದ್ದಾರೆ. ಜಪಾನಿನ ಶಿಂಟೋ ಧರ್ಮದ ಕಾಲಂ ನೋಡಿ, ಅರ್ಧಕ್ಕರ್ಧ ಖಾಲಿ. ಶಿಂಟೋಗೆ ಸ್ಥಾಪಕರೂ ಇಲ್ಲ, ಎಲ್ಲರೂ ಒಪ್ಪಲೇಬೇಕಾದ ನಂಬಿಕೆಯ ಪಟ್ಟಿಯೂ ಇಲ್ಲ. ಅಲ್ಲಿ ಮುಖ್ಯವಾದದ್ದು ಕಾಮಿಗಳ (ದೈವಗಳ) ಸನ್ನಿಧಿ, ಶುದ್ಧಿ, ಹಬ್ಬ. ಅವುಗಳನ್ನು ಕೇಳುವ ಸಾಲೇ ಈ ಕೋಷ್ಟಕದಲ್ಲಿಲ್ಲ, ಹಾಗಾಗಿ ಏನೂ ಇಲ್ಲದ ಧರ್ಮದಂತೆ ಕಾಣುತ್ತದೆ.

ಸ್ಥಾಪಕರ ಸಾಲಿನಲ್ಲಿ ಜೈನರ ಎದುರು 'ಮಹಾವೀರ' ಅಂತ ಹಾಕಿದ್ದಾರೆ. ಈ ತಪ್ಪು ಎಷ್ಟು ಹಳೆಯದು ಅಂದರೆ ಈಗ ಯಾರೂ ಗಮನಿಸುವುದೂ ಇಲ್ಲ. ಜೈನರ ಪ್ರಕಾರ ಮಹಾವೀರರು 24ನೇ ತೀರ್ಥಂಕರರು, ಅವರಿಗಿಂತ ಮುಂಚೆ ಪಾರ್ಶ್ವನಾಥರು, ಹಿಂದಕ್ಕೆ ಹೋದರೆ ಮೊದಲಿಗರು ಋಷಭನಾಥರು. ಹಿಂದೂ ಕಾಲಂನಲ್ಲಿ 'ತಿಳಿದಿಲ್ಲ' ಅಂತ ಇದೆ, ಯಾರೋ ಇದ್ದರು, ಹೆಸರು ಕಳೆದುಹೋಯಿತು ಅನ್ನುವ ಹಾಗೆ. ಆದರೆ ವೇದದ ಅರ್ಥವಿಚಾರವನ್ನೇ ಮುಖ್ಯ ಮಾಡಿಕೊಂಡ ಮೀಮಾಂಸಕರನ್ನು ಕೇಳಿದರೆ ವೇದವನ್ನು ಯಾರೂ ರಚಿಸಿಲ್ಲ, ದೇವರೂ ರಚಿಸಿಲ್ಲ ಅನ್ನುತ್ತಾರೆ. ಕರ್ತೃ ಇಲ್ಲ ಅನ್ನುವುದೇ ಅವರ ಸಿದ್ಧಾಂತ. 'ತಿಳಿದಿಲ್ಲ' ಮತ್ತು 'ಇಲ್ಲ' ಒಂದೇ ಆಗುತ್ತದಾ? ಬಹಾಯಿ ಕಾಲಂನಲ್ಲಿ ಬಹಾವುಲ್ಲಾ ಒಬ್ಬರೇ ಇದ್ದಾರೆ. 1844ರಲ್ಲಿ ಇರಾನಿನಲ್ಲಿ ಹೊಸ ಸಂದೇಶವನ್ನು ಮೊದಲು ಸಾರಿದ ಬಾಬ್ ಅವರ ಸುಳಿವಿಲ್ಲ.

ಗ್ರಂಥದ ಸಾಲು ಅರ್ಧ ಚೆನ್ನಾಗಿದೆ. ಸಿಖ್ಖರ ಕಾಲಂ ಇಡೀ ಮುಂಬದಿಯಲ್ಲೇ ಅಚ್ಚುಕಟ್ಟು: ಗುರು ಗ್ರಂಥ ಸಾಹಿಬ್, 1430 ಪುಟ, ಸಿಖ್ ಗುರುಗಳ ವಾಣಿಯ ಜೊತೆ ಕಬೀರ, ರವಿದಾಸ, ಶೇಖ್ ಫರೀದರ ರಚನೆಗಳೂ ಸೇರಿವೆ, 1708ರಿಂದ ಗ್ರಂಥವೇ ಗುರು. ನಾಲ್ಕು ಸಾಲಿನಲ್ಲಿ ಇಷ್ಟು ಹೇಳಿದ್ದಾರೆ. ಅದೇ ಯಹೂದಿ ಕಾಲಂಗೆ ಬಂದರೆ 'ಹಳೆಯ ಒಡಂಬಡಿಕೆ' ಅಂತ ಎರಡು ಪದ ಬರೆದು ಕೈ ತೊಳೆದುಕೊಂಡಿದ್ದಾರೆ. ಅದು ಕ್ರೈಸ್ತರು ಇಟ್ಟುಕೊಂಡ ಹೆಸರು. ಯಹೂದಿಗಳದ್ದು ತನಖ್, ಅವರ ಎಣಿಕೆಯಲ್ಲಿ 24 ಪುಸ್ತಕ, ಜೋಡಣೆಯ ಕ್ರಮವೂ ಬೇರೆ. ಅದಕ್ಕಿಂತ ದೊಡ್ಡ ಲೋಪ ಅಂದರೆ ರಬ್ಬಿಗಳ (ಧರ್ಮಗುರುಗಳ) ಚರ್ಚೆ, ವ್ಯಾಖ್ಯಾನಗಳ ಸಂಗ್ರಹವಾದ ತಾಲ್ಮುಡ್ ಪತ್ತೆಯೇ ಇಲ್ಲ. ತಾಲ್ಮುಡ್ ಬಿಟ್ಟು ಯಹೂದಿ ಧರ್ಮ ಹೇಳಿದರೆ ಕರಾಯಿತರ ಧರ್ಮ ಹೇಳಿದ ಹಾಗಾಯಿತು. ತನಖ್ ಸಾಕು, ರಬ್ಬಿಗಳ ಮೌಖಿಕ ಪರಂಪರೆ ಬೇಡ ಅಂತ ಬೇರೆ ನಿಂತ ಸಣ್ಣ ಗುಂಪು ಅದು.

ದೇವರ ಸಾಲಿನಲ್ಲಿ ಯಹೂದಿ, ಕ್ರೈಸ್ತ, ಇಸ್ಲಾಂ, ಸಿಖ್ ನಾಲ್ಕಕ್ಕೂ 'ಒಬ್ಬನೇ ದೇವರು' ಅಂತಿದೆ. ಸುಳ್ಳಲ್ಲ. ಆದರೆ ಹೋಲಿಕೆ ಚಾರ್ಟು ಕೊಳ್ಳುವವರು ವ್ಯತ್ಯಾಸ ನೋಡುವುದಕ್ಕೆ ಕೊಳ್ಳುತ್ತಾರೆ ಅಲ್ವಾ? ಕ್ರೈಸ್ತರಿಗೆ ಆ ಒಬ್ಬನೇ ದೇವರು ತಂದೆ, ಮಗ, ಪವಿತ್ರಾತ್ಮ. ಕುರ್‌ಆನ್‌ನ 112ನೇ ಅಧ್ಯಾಯ ಅಲ್ಲಾಹನು ಯಾರನ್ನೂ ಹೆತ್ತವನಲ್ಲ, ಯಾರಿಂದಲೂ ಹುಟ್ಟಿದವನಲ್ಲ ಎಂದು ಸ್ಪಷ್ಟವಾಗಿ ಹೇಳುತ್ತದೆ. ಏಸುವಿನ ವಿಷಯದಲ್ಲಂತೂ ಎರಡೂ ಧರ್ಮ ಎಷ್ಟು ಹತ್ತಿರ ಬಂದು ಎಲ್ಲಿ ಬೇರೆಯಾಗುತ್ತವೆ ಅನ್ನುವುದು ಬಹಳ ಸ್ವಾರಸ್ಯ. ಮುಸ್ಲಿಮರಿಗೂ ಈಸಾ ಪ್ರವಾದಿ, ಕನ್ಯೆ ಮರಿಯಮ್ಮನ ಮಗ, ಮಸೀಹ. ಆದರೆ ದೇವರ ಮಗನಲ್ಲ, ಶಿಲುಬೆಯ ಮೇಲೆ ಸಾಯಲಿಲ್ಲ ಅನ್ನುವುದು ಅವರ ಬಹುಪಾಲು ಜನರ ನಂಬಿಕೆ. ಕ್ರೈಸ್ತ ನಂಬಿಕೆ ನಿಂತಿರುವುದೇ ಆ ಶಿಲುಬೆ ಮತ್ತು ಪುನರುತ್ಥಾನದ ಮೇಲೆ. ಇದಕ್ಕೆ ಒಂದು ಸಣ್ಣ ಚೌಕ ಕೊಡಬಹುದಿತ್ತು. ಜಾಗ ಇಲ್ಲ ಅನ್ನುವ ಹಾಗಿಲ್ಲ, ಅಂಚಿನಲ್ಲಿ ಸುಮ್ನೆ ಬಳ್ಳಿ ಹೂವಿನ ಚಿತ್ತಾರ ತುಂಬಿದ್ದಾರೆ.

ಬೌದ್ಧ, ಜೈನ ಎರಡಕ್ಕೂ 'ದೇವರಿಲ್ಲ'. ಜಗತ್ತನ್ನು ಸೃಷ್ಟಿ ಮಾಡಿದ ದೇವರಿಲ್ಲ ಅಂತ ಬರೆದಿದ್ದರೆ ಸರಿ ಇರುತ್ತಿತ್ತು. ದೇವಲೋಕ, ದೇವತೆಗಳು ಎರಡು ಧರ್ಮದಲ್ಲೂ ಇದ್ದಾರೆ, ಅವರಿಗೂ ಆಯಸ್ಸು ತೀರುತ್ತದೆ, ಅವರೂ ಮತ್ತೆ ಹುಟ್ಟಬೇಕು.

ಈಗ ನನಗೆ ಅತಿ ಹೆಚ್ಚು ಬೇಸರ ತಂದ ಸಾಲು: ಸತ್ತ ಮೇಲೆ ಏನು? ಹಿಂದೂ, ಬೌದ್ಧ, ಜೈನ, ಸಿಖ್ ನಾಲ್ಕು ಮನೆಗಳನ್ನೂ ಒಂದು ಮಾಡಿ ಉದ್ದಕ್ಕೆ 'ಕರ್ಮ, ಪುನರ್ಜನ್ಮ, ಮೋಕ್ಷ' ಅಂತ ಬರೆದುಬಿಟ್ಟಿದ್ದಾರೆ. ಜಾಗ ಉಳಿಯಿತು, ವಿಷಯ ಹೋಯಿತು. ಜೈನರಿಗೆ ಕರ್ಮ ಅನ್ನುವುದು ಕಣ್ಣಿಗೆ ಕಾಣದಷ್ಟು ಸೂಕ್ಷ್ಮವಾದ ದ್ರವ್ಯ. ಕೋಪ, ಆಸೆ, ಮೋಸ ಇವುಗಳಿಂದ ಅದು ಜೀವಕ್ಕೆ ಬಂದು ಅಂಟಿಕೊಳ್ಳುತ್ತದೆ, ತಪಸ್ಸು ಮಾಡಿ ಅದನ್ನು ಉದುರಿಸಬೇಕು, ಪೂರ್ತಿ ಉದುರಿದ ಮೇಲೆ ಹಗುರಾದ ಜೀವ ಲೋಕದ ತುತ್ತತುದಿಯ ಸಿದ್ಧಶಿಲೆಗೆ ಏರಿ ಅಲ್ಲೇ ನಿಲ್ಲುತ್ತದೆ. ಬುದ್ಧ ಹೇಳಿದ್ದು ಬೇರೆ. ಕರ್ಮ ಅಂದರೆ ಚೇತನ, ಅಂದರೆ ಮನಸ್ಸಿನಲ್ಲಿರುವ ಉದ್ದೇಶ. ಇನ್ನು ಅಂಟಿಕೊಳ್ಳುವುದಕ್ಕೆ ಅಲ್ಲಿ ಆತ್ಮವೇ ಇಲ್ಲ! ಹಾಗಾದರೆ ಮತ್ತೆ ಹುಟ್ಟುವುದು ಯಾರು ಅಂತ ಕೇಳಿದರೆ, ಒಂದು ದೀಪದಿಂದ ಇನ್ನೊಂದು ದೀಪ ಹಚ್ಚಿದ ಹಾಗೆ ಅನ್ನುವುದು ಬೌದ್ಧರ ಹಳೆಯ ಉತ್ತರ. ಸಿಖ್ಖರಲ್ಲಿ ಕರ್ಮ, ಮರುಹುಟ್ಟು ಎರಡೂ ಉಂಟು, ಬಿಡುಗಡೆ ಮಾತ್ರ ದೇವರ ಕೃಪೆಯಿಂದ.

ಹಿಂದೂ ಮನೆಯೊಳಗೇ ಈ ಪ್ರಶ್ನೆಗೆ ಒಂದೇ ಉತ್ತರ ಇಲ್ಲ. ಶಂಕರರಿಗೆ ಮೋಕ್ಷ ಅಂದರೆ ಹೊಸದಾಗಿ ಎಲ್ಲಿಗೋ ಹೋಗುವುದಲ್ಲ, ನೀನು ಮೊದಲಿಂದಲೂ ಬ್ರಹ್ಮವೇ ಅಂತ ಗೊತ್ತಾಗುವುದು. ರಾಮಾನುಜರಿಗೆ ಜೀವ, ಜಗತ್ತು ಎರಡೂ ದೇವರ ಶರೀರ. ಮಧ್ವರು ಜೀವ ಬೇರೆ, ದೇವರು ಬೇರೆ, ಮುಕ್ತಿಯಲ್ಲೂ ಬೇರೆ, ಮುಕ್ತರಾದವರ ಆನಂದದಲ್ಲೂ ತಾರತಮ್ಯ ಇದೆ, ಕೆಲವು ಜೀವಗಳಿಗೆ ಮೋಕ್ಷ ಯಾವತ್ತಿಗೂ ಇಲ್ಲ ಅಂದರು. ಅದ್ವೈತ ಮತ್ತು ದ್ವೈತದ ನಡುವೆ ಇರುವ ದೂರ ನೋಡಿದರೆ, ಚಾರ್ಟು ಬೇರೆ ಬೇರೆ ಕಾಲಂ ಕೊಟ್ಟಿರುವ ಕೆಲವು ಧರ್ಮಗಳ ನಡುವೆ ಅಷ್ಟು ದೂರ ಇದೆಯೋ ಇಲ್ಲವೋ ಅಂತ ನನಗೆ ಅನುಮಾನ.

ಅದೇ ಸಾಲಿನಲ್ಲಿ ಯಹೂದಿ, ಕ್ರೈಸ್ತ, ಇಸ್ಲಾಂ ಮೂರನ್ನೂ ಸೇರಿಸಿ 'ಸ್ವರ್ಗ, ನರಕ, ಅಂತಿಮ ತೀರ್ಪು' ಅಂತಿದೆ. ಕ್ರೈಸ್ತರಿಗೆ, ಮುಸ್ಲಿಮರಿಗೆ ಸರಿ. ಯಹೂದಿಗಳಲ್ಲಿ ಇದರ ಬಗ್ಗೆ ಹಿಂದಿನಿಂದಲೂ ಚರ್ಚೆ ಇದೆ. ಜೆರುಸಲೇಮಿನ ಎರಡನೇ ದೇವಾಲಯ ಇದ್ದ ಕಾಲದ ಸದ್ದುಕಾಯರು ಅನ್ನುವ ಪಂಗಡದವರು ಸತ್ತವರು ಏಳುವುದನ್ನೇ ಒಪ್ಪಲಿಲ್ಲ, 12ನೇ ಶತಮಾನದ ಯಹೂದಿ ಪಂಡಿತ ಮೈಮೊನಿಡಿಸ್ ಅದನ್ನು ತಮ್ಮ 13 ತತ್ವಗಳಲ್ಲಿ ಸೇರಿಸಿದರು. ಏನೇ ಇರಲಿ, ಒತ್ತು ಇರುವುದು ಈ ಬದುಕಿನಲ್ಲಿ ಮಾಡಬೇಕಾದ್ದರ ಮೇಲೆ, 613 ಆಜ್ಞೆಗಳ ಮೇಲೆ. ಆ ಸಂಖ್ಯೆ ಚಾರ್ಟಿನಲ್ಲಿ ಎಲ್ಲೂ ಇಲ್ಲ.

ಅನುಯಾಯಿಗಳ ಸಂಖ್ಯೆಯ ಸಾಲು ಪರವಾಗಿಲ್ಲ. ಕ್ರೈಸ್ತರು ಸುಮಾರು 230 ಕೋಟಿ, ಮುಸ್ಲಿಮರು ಸುಮಾರು 200 ಕೋಟಿ, ಹಿಂದೂಗಳು ಸುಮಾರು 120 ಕೋಟಿ. ಜಪಾನಿನ ವಿಷಯಕ್ಕೆ ಮಾತ್ರ ಒಂದು ಅಡಿಟಿಪ್ಪಣಿ ಬೇಕಿತ್ತು. ಅಲ್ಲಿನ ಸಂಸ್ಥೆಗಳು ಕೊಡುವ ಲೆಕ್ಕ ಕೂಡಿದರೆ ಶಿಂಟೋ, ಬೌದ್ಧ ಅನುಯಾಯಿಗಳ ಮೊತ್ತ ದೇಶದ ಜನಸಂಖ್ಯೆಯನ್ನೇ ಮೀರುತ್ತದೆ, ಒಬ್ಬರೇ ಎರಡೂ ಕಡೆ ಲೆಕ್ಕಕ್ಕೆ ಸಿಗುತ್ತಾರೆ. ಒಬ್ಬರಿಗೆ ಒಂದೇ ಧರ್ಮ ಅನ್ನುವುದೂ ಎಲ್ಲ ಕಡೆ ನಡೆಯುವ ನಿಯಮವಲ್ಲ.

ಇಷ್ಟು ಬೈದ ಮೇಲೆ ಹಾಳೆ ತಿರುಗಿಸಿ. ಹಿಂಬದಿ ಬೇರೆ ಯಾರೋ ಮಾಡಿದ ಹಾಗಿದೆ. ಒಂದು ಧರ್ಮದವರು ಒಳಗೊಳಗೇ ಯಾವ ವಿಷಯಕ್ಕೆ ಜಗಳವಾಡಿ ಬೇರೆಯಾದರು ಅಂತ ನೋಡಿದರೆ ಅವರಿಗೆ ಯಾವುದು ಮುಖ್ಯ ಅಂತ ತಾನಾಗೇ ಗೊತ್ತಾಗುತ್ತದೆ. ಮುಂಬದಿಯ ಸಾಲುಗಳು ಹೇಳದ್ದನ್ನು ಹಿಂಬದಿಯ ಕವಲುಗಳು ಹೇಳುತ್ತವೆ.

ಕ್ರೈಸ್ತ ಮರ ಅತ್ಯುತ್ತಮ. ಸಾಮಾನ್ಯವಾಗಿ ಇಂಥ ಚಾರ್ಟುಗಳು ಪೂರ್ವ, ಪಶ್ಚಿಮದ ಚರ್ಚುಗಳು ಬೇರೆಯಾದ 1054ರಿಂದ ಶುರುವಾಗಿ 1517ಕ್ಕೆ ಹಾರಿ ಮುಗಿಸುತ್ತವೆ. ಇದರಲ್ಲಿ 325ರ ನೈಸಿಯಾ ಸಭೆ ಇದೆ, 431ರ ಎಫೆಸಸ್ ಇದೆ, 451ರ ಕ್ಯಾಲ್ಸಿಡನ್ ಇದೆ. ಏಸುವಿನಲ್ಲಿ ದೈವ ಸ್ವಭಾವ, ಮನುಷ್ಯ ಸ್ವಭಾವ ಎರಡು ಅಂತ ಹೇಳಬೇಕೋ, ಎರಡೂ ಸೇರಿ ಒಂದಾದ ಸ್ವಭಾವ ಅಂತ ಹೇಳಬೇಕೋ ಎಂಬ ಪ್ರಶ್ನೆಗೆ 451ರ ತೀರ್ಮಾನ ಒಪ್ಪದೆ ಬೇರೆಯಾದ ಕಾಪ್ಟಿಕ್, ಅರ್ಮೇನಿಯನ್, ಸಿರಿಯನ್, ಇಥಿಯೋಪಿಯನ್ ಸಭೆಗಳು (ಚರ್ಚುಗಳು) ಇಂದಿಗೂ ಇವೆ. 1054ರ ಮನೆಯಲ್ಲಿ ಕಾರಣವನ್ನೂ ಬರೆದಿದ್ದಾರೆ: ಪೋಪರ ಅಧಿಕಾರ ಎಲ್ಲಿಯವರೆಗೆ, ಮತ್ತೆ ಪವಿತ್ರಾತ್ಮ ತಂದೆಯಿಂದ ಮಾತ್ರ ಹೊರಡುತ್ತದೋ 'ಮಗನಿಂದಲೂ' ಹೊರಡುತ್ತದೋ. ಪಶ್ಚಿಮದವರು ವಿಶ್ವಾಸಪ್ರಮಾಣಕ್ಕೆ ಸೇರಿಸಿದ ಆ ಒಂದು ತುಣುಕು ಪೂರ್ವದವರಿಗೆ ಇವತ್ತಿಗೂ ಒಪ್ಪಿಗೆಯಿಲ್ಲ. 1517ರಲ್ಲಿ ಪ್ರೊಟೆಸ್ಟಂಟ್ ಕವಲಿಗೆ ದಾರಿ ಮಾಡಿದ ಲೂಥರ್, 1534ರಲ್ಲಿ ಪೋಪರಿಂದ ಬೇರೆಯಾದ ಇಂಗ್ಲೆಂಡಿನ ಎಂಟನೇ ಹೆನ್ರಿ. ಕ್ಯಾಥೊಲಿಕ್ ಬೈಬಲ್‌ನಲ್ಲಿ 73 ಪುಸ್ತಕ, ಪ್ರೊಟೆಸ್ಟಂಟ್ ಬೈಬಲ್‌ನಲ್ಲಿ 66 ಅನ್ನುವುದೂ ಇಲ್ಲೇ ಮೂಲೆಯಲ್ಲಿದೆ, ಮುಂಬದಿಯಲ್ಲಿ ಇರಬೇಕಾಗಿತ್ತು.

ಒಂದೇ ಕೊರತೆ, ಮರದ ಕೊಂಬೆಗಳು ಬೇರೆಯಾಗುತ್ತಲೇ ಹೋಗುತ್ತವೆ, ಹತ್ತಿರ ಬರುವುದು ಇಲ್ಲವೇ ಇಲ್ಲ. 1965ರಲ್ಲಿ ಪೋಪ್ ಆರನೇ ಪೌಲ್ ಮತ್ತು ಪೂರ್ವದ ಸಭೆಯ ಕುಲಪತಿ (ಪೇಟ್ರಿಯಾರ್ಕ್) ಅಥೆನಾಗೊರಸ್ ಇಬ್ಬರೂ 1054ರ ಬಹಿಷ್ಕಾರಗಳನ್ನು ರದ್ದು ಮಾಡಿದರು. ಸಭೆಗಳು ಒಂದಾಗಲಿಲ್ಲ, ಆದರೂ ಸಣ್ಣ ವಿಷಯವಲ್ಲ. 1999ರಲ್ಲಿ ಲೂಥರನ್ನರು, ಕ್ಯಾಥೊಲಿಕರು ಸೇರಿ, ಮನುಷ್ಯ ನೀತಿವಂತನೆನಿಸುವುದು ಹೇಗೆ ಎಂಬ ಆ ಹಳೆಯ ಜಗಳದ ಮೂಲಪ್ರಶ್ನೆಯ ಬಗ್ಗೇ ಒಂದು ಜಂಟಿ ಘೋಷಣೆಗೆ ಸಹಿ ಹಾಕಿದರು. ಒಂದು ಚುಕ್ಕಿ ಗೆರೆ ಎಳೆದಿದ್ದರೆ ಸಾಕಿತ್ತು.

ಇಸ್ಲಾಂ ಮರದಲ್ಲಿ ಬುಡ ಸರಿಯಾಗಿದೆ, ಕೊಂಬೆಗಳಲ್ಲಿ ಎಡವಟ್ಟು. 632ರಲ್ಲಿ ಪ್ರವಾದಿ ಮುಹಮ್ಮದರು ತೀರಿಕೊಂಡ ಮೇಲೆ ಸಮುದಾಯವನ್ನು ಮುನ್ನಡೆಸುವವರು ಯಾರು ಅನ್ನುವುದೇ ಪ್ರಶ್ನೆ. ಅಬೂಬಕರ್ ಖಲೀಫರಾದರು, ಅಲಿಯವರೇ ನಿಜವಾದ ಉತ್ತರಾಧಿಕಾರಿ ಅಂದವರು ಷಿಯಾ. 680ರ ಕರ್ಬಲಾದಲ್ಲಿ ಅಲಿಯವರ ಮಗ ಹುಸೇನರು ಹತರಾದ ಮೇಲೆ ಆ ಬಿರುಕಿಗೆ ನೋವೂ ಸೇರಿಕೊಂಡಿತು. ದೇವರ ಏಕತೆ, ಕುರ್‌ಆನ್, ಪ್ರವಾದಿ ಈ ವಿಷಯದಲ್ಲಿ ಎರಡೂ ಕಡೆಯವರು ಒಂದೇ. ಇಷ್ಟನ್ನೂ ಸೊಗಸಾಗಿ ಬರೆದಿದ್ದಾರೆ. ಷಿಯಾ ಕೊಂಬೆಯಲ್ಲಿ 765ರಲ್ಲಿ ಇಮಾಂ ಜಾಫರ್ ಸಾದಿಕ್ ತೀರಿಕೊಂಡ ಮೇಲೆ ಒಬ್ಬ ಮಗ ಇಸ್ಮಾಯಿಲರ ಸಾಲು ಹಿಡಿದವರು ಇಸ್ಮಾಯಿಲಿಗಳು, ಇನ್ನೊಬ್ಬ ಮಗ ಮೂಸಾ ಕಾಝಿಂರ ಸಾಲು ಹಿಡಿದವರು ಹನ್ನೆರಡು ಇಮಾಂಗಳನ್ನು ನಂಬುವವರು ಅನ್ನುವುದೂ ಇದೆ.

ಆಮೇಲೆ ಸುನ್ನಿ, ಷಿಯಾ, ಸೂಫಿ ಅಂತ ಮೂರು ಸಮ ಕೊಂಬೆ ಬರೆದಿದ್ದಾರೆ ನೋಡಿ, ಅಲ್ಲಿ ಕೆಟ್ಟಿತು. ಸೂಫಿ ಅನ್ನುವುದು ಸಾಧನೆಯ ದಾರಿ, ಬಹುಪಾಲು ಸೂಫಿಗಳು ಸುನ್ನಿಗಳೇ. ಹನಫಿ, ಮಾಲಿಕಿ, ಶಾಫಿ, ಹಂಬಲಿ ನಾಲ್ಕನ್ನೂ ಒಡೆದುಹೋದ ಪಂಗಡಗಳಂತೆ ತೋರಿಸಿದ್ದಾರೆ. ಅವು ಧರ್ಮಶಾಸ್ತ್ರದ ನಾಲ್ಕು ಪರಂಪರೆಗಳು, ಒಂದನ್ನೊಂದು ಸರಿಯೆಂದೇ ಒಪ್ಪುತ್ತವೆ. ಇಷ್ಟೆಲ್ಲಾ ಬರೆದವರು ಸುನ್ನಿಯೂ ಅಲ್ಲದ, ಷಿಯಾವೂ ಅಲ್ಲದ, ಒಮಾನ್ ದೇಶದಲ್ಲಿ ಪ್ರಮುಖವಾಗಿರುವ ಇಬಾದಿಗಳನ್ನು ಮರೆತಿದ್ದಾರೆ. ನಿಜವಾದ ಮೂರನೇ ಕೊಂಬೆ ಬೇಕಿದ್ದರೆ ಅದೇ ಆಗಬೇಕಿತ್ತು.

ಬೌದ್ಧ ಮರದಲ್ಲಿ ಮೊದಲ ಒಡಕಿಗೆ 'ಸಿದ್ಧಾಂತ ಭೇದ' ಅಂತ ಕಾರಣ ಕೊಟ್ಟಿದ್ದಾರೆ. ಓದಿ ನಗು ಬಂತು. ಥೇರವಾದಿಗಳ ಪರಂಪರೆ ಹೇಳುವಂತೆ, ಬುದ್ಧನ ಪರಿನಿರ್ವಾಣವಾಗಿ ಸುಮಾರು ನೂರು ವರ್ಷಕ್ಕೆ ವೈಶಾಲಿಯಲ್ಲಿ ಸಭೆ ಸೇರಿ ಚರ್ಚೆ ಮಾಡಿದ್ದು ಹತ್ತು ಶಿಸ್ತಿನ ವಿಷಯಗಳನ್ನು. ಭಿಕ್ಷುಗಳು ಕೊಂಬಿನಲ್ಲಿ ಉಪ್ಪು ತುಂಬಿ ಇಟ್ಟುಕೊಳ್ಳಬಹುದಾ? ಮಧ್ಯಾಹ್ನದ ನೆರಳು ಎರಡು ಬೆರಳು ದಾಟಿದ ಮೇಲೂ ಉಣ್ಣಬಹುದಾ? ಚಿನ್ನ ಬೆಳ್ಳಿ ಮುಟ್ಟಬಹುದಾ? ಉಪ್ಪು ಕೂಡಿಟ್ಟರೆ ನಾಳೆಗೆ ಅಂತ ಕೂಡಿಟ್ಟ ಹಾಗೆ, ಭಿಕ್ಷುವಿಗೆ ಅದು ಸಲ್ಲದು. ಸ್ಥವಿರರು, ಮಹಾಸಾಂಘಿಕರು ಅಂತ ಸಂಘ ಮೊದಲು ಎರಡು ಬಣವಾದ ಕಥೆಗೂ ಇಂಥ ಜಗಳಗಳಿಗೂ ನಂಟಿದೆ. ಸಂಘದ ಮಟ್ಟಿಗೆ ಹೇಗೆ ಬದುಕಬೇಕು ಅನ್ನುವುದು ಏನು ನಂಬಬೇಕು ಅನ್ನುವುದಕ್ಕಿಂತ ಕಡಿಮೆಯದಲ್ಲ ಅಂತ ಇದರಿಂದ ಗೊತ್ತಾಗುತ್ತದೆ. ಎರಡನೇ ತಪ್ಪು, ಮಹಾಯಾನವನ್ನು ಥೇರವಾದದಿಂದ ಸಿಡಿದ ಕೊಂಬೆಯಾಗಿ ಬರೆದಿರುವುದು. 7ನೇ ಶತಮಾನದಲ್ಲಿ ಭಾರತಕ್ಕೆ ಬಂದ ಚೀನೀ ಯಾತ್ರಿಕರು ಎರಡೂ ಬಗೆಯ ಭಿಕ್ಷುಗಳು ಒಂದೇ ವಿಹಾರದಲ್ಲಿ ಇದ್ದುದನ್ನು ಬರೆದಿಟ್ಟಿದ್ದಾರೆ. ಮಹಾಯಾನದವರೂ ಹಳೆಯ ನಿಕಾಯಗಳ (ಪಂಗಡಗಳ) ಶಿಸ್ತಿನ ನಿಯಮದಲ್ಲೇ ದೀಕ್ಷೆ ಪಡೆಯುತ್ತಿದ್ದರು, ಇಂದಿಗೂ ಟಿಬೆಟಿನವರದ್ದು ಅಂಥ ಒಂದು ನಿಕಾಯವಾದ ಮೂಲಸರ್ವಾಸ್ತಿವಾದದ ವಿನಯ, ಅಂದರೆ ಶಿಸ್ತಿನ ನಿಯಮಾವಳಿ. 1956ರಲ್ಲಿ ನಾಗಪುರದಲ್ಲಿ ಅಂಬೇಡ್ಕರ್ ಅವರು 22 ಪ್ರತಿಜ್ಞೆಗಳೊಂದಿಗೆ ಶುರು ಮಾಡಿದ ನವಯಾನವನ್ನು ಮರೆಯದೆ ಸೇರಿಸಿದ್ದಾರೆ, ಅದಕ್ಕೆ ಪೂರ್ತಿ ಅಂಕ.

ಜೈನ ಮರ ಚಿಕ್ಕದು, ಆದರೆ ಮುಂಬದಿಯ ಮಾನ ಉಳಿಸಿದೆ. ದಿಗಂಬರ, ಶ್ವೇತಾಂಬರ ಅಂದರೆ ಬಟ್ಟೆ ವಿಷಯ ಅಂತ ಎಲ್ಲರೂ ಹೇಳುತ್ತಾರೆ. ಇದರಲ್ಲಿ ಮುಂದಿನದ್ದೂ ಇದೆ: ಮೋಕ್ಷಕ್ಕೆ ಪೂರ್ತಿ ನಗ್ನತೆ ಬೇಕೇ ಬೇಕು ಅಂದರೆ ಹೆಂಗಸರಿಗೆ ಅದೇ ಜನ್ಮದಲ್ಲಿ ಮೋಕ್ಷವಿಲ್ಲ ಅಂತಾಯಿತು. ದಿಗಂಬರರು ಹಾಗೆ ಹೇಳುತ್ತಾರೆ, ಶ್ವೇತಾಂಬರರು ಒಪ್ಪುವುದಿಲ್ಲ, ಅವರ ಪ್ರಕಾರ 19ನೇ ತೀರ್ಥಂಕರರಾದ ಮಲ್ಲಿ ಹೆಣ್ಣು. ಬಟ್ಟೆಯ ಪ್ರಶ್ನೆ ಎಲ್ಲಿಗೆ ಹೋಗಿ ಮುಟ್ಟಿತು ನೋಡಿ. ಬಿಟ್ಟುಹೋದವರು ಯಾಪನೀಯರು. ಮುನಿಗಳು ಬೆತ್ತಲೆ ಇರುತ್ತಿದ್ದರು, ಆದರೂ ಹೆಂಗಸರಿಗೆ ಮೋಕ್ಷ ಉಂಟು ಅನ್ನುತ್ತಿದ್ದರು. ಕರ್ನಾಟಕದ ಶಾಸನಗಳಲ್ಲಿ ಅವರ ಹೆಸರು ಸಿಗುತ್ತದೆ, ಪಂಗಡ ಮಾತ್ರ ಉಳಿಯಲಿಲ್ಲ. ಅಳಿದುಹೋದ ಕೊಂಬೆಗಳನ್ನು ಬೂದು ಬಣ್ಣದಲ್ಲಿ ತೋರಿಸುವ ಪದ್ಧತಿ ಕ್ರೈಸ್ತ ಮರದಲ್ಲಿ ಇದೆ, ಇಲ್ಲಿಗೆ ಯಾಕೆ ಬರಲಿಲ್ಲವೋ.

ನನಗೆ ತುಂಬಾ ಹಿಡಿಸಿದ್ದು ಪಾರ್ಸಿಗಳ ಪುಟ್ಟ ಗಿಡ. ಶಹನ್‌ಶಾಹಿ, ಕದ್ಮಿ ಅಂತ ಎರಡು ಕೊಂಬೆ. ದೇವರು ಅಹುರ ಮಜ್ದಾ, ಗ್ರಂಥ ಅವೆಸ್ತಾ, ಬೆಂಕಿಯ ಮುಂದೆ ಪ್ರಾರ್ಥನೆ, ಎಲ್ಲ ಒಂದೇ. ಜಗಳ ಕ್ಯಾಲೆಂಡರ್‌ಗೆ! ಇರಾನಿನವರ ಪಂಚಾಂಗಕ್ಕೂ ಭಾರತದ ಪಾರ್ಸಿಗಳ ಪಂಚಾಂಗಕ್ಕೂ ಒಂದು ತಿಂಗಳ ವ್ಯತ್ಯಾಸ ಇದೆ ಅಂತ ಗೊತ್ತಾಗಿ, 1745ರಲ್ಲಿ ಒಂದು ಗುಂಪು ಇರಾನಿನ ಲೆಕ್ಕ ಹಿಡಿದು ಬೇರೆಯಾಯಿತು. ಹಬ್ಬ, ಪ್ರಾರ್ಥನೆ ಸರಿಯಾದ ದಿನಕ್ಕೆ ಆಗದಿದ್ದರೆ ಆದ ಹಾಗಲ್ಲ ಅನ್ನುವವರಿಗೆ ಅದು ಚಿಲ್ಲರೆ ವಿಷಯವಲ್ಲ.

ಹಿಂದೂ ಮರ ಮಾತ್ರ ಹಿಂಬದಿಯಲ್ಲೂ ಸೋತಿದೆ. 'ವೈದಿಕ' ಅನ್ನುವ ಬುಡದಿಂದ ಶೈವ, ವೈಷ್ಣವ, ಶಾಕ್ತ, ಸ್ಮಾರ್ತ, ಅದ್ವೈತ, ವಿಶಿಷ್ಟಾದ್ವೈತ, ದ್ವೈತ ಏಳೂ ಒಂದೇ ಸಾಲಿಗೆ. ಮೊದಲನೆಯವು ಉಪಾಸನೆಯ ವಿಷಯ, ಕೊನೆಯ ಮೂರು ವೇದಾಂತದ ವಿಷಯ. ರಾಮಾನುಜರ ಅನುಯಾಯಿ ವೈಷ್ಣವರೂ ಹೌದು, ವಿಶಿಷ್ಟಾದ್ವೈತಿಯೂ ಹೌದು, ಅವರನ್ನು ಎರಡು ಕೊಂಬೆಯ ಮೇಲೆ ಕೂರಿಸಲಾಗುತ್ತದಾ? ಇಲ್ಲಿ ಮರವೇ ತಪ್ಪು, ಇನ್ನೊಂದು ಕೋಷ್ಟಕ ಹಾಕಬೇಕಿತ್ತು. ಸಿಖ್ ಮರದಲ್ಲಿ ಖಾಲ್ಸಾವನ್ನು ಉದಾಸಿ, ನಾಮಧಾರಿಗಳ ಪಕ್ಕದಲ್ಲಿ ಒಂದು ಪಂಗಡವಾಗಿ ತೋರಿಸಿದ್ದಾರೆ. ಖಾಲ್ಸಾ ಅಂದರೆ 1699ರಲ್ಲಿ ಗುರು ಗೋವಿಂದ ಸಿಂಗ್ ಸ್ಥಾಪಿಸಿದ, ದೀಕ್ಷೆ ಪಡೆದವರ ಸಮುದಾಯ, ಕವಲಲ್ಲ. ಚೀನಾದ ತಾವೋ ಧರ್ಮದ ಮರದಲ್ಲಿ ಎರಡೇ ಹೆಸರು, ಚುವಾನ್‌ಜೆನ್ ಮತ್ತು ಜೆಂಗ್‌ಯಿ, ಅಷ್ಟು ಸಾಕು. ಯಹೂದಿ ಮರದಲ್ಲಿ ಆರ್ಥೊಡಾಕ್ಸ್, ಕನ್ಸರ್ವೇಟಿವ್, ರಿಫಾರ್ಮ್ ಸರಿಯಾಗಿವೆ, ಅಶ್ಕೆನಾಜಿ, ಸೆಫಾರ್ದಿಗಳನ್ನು ಅದೇ ಸಾಲಿಗೆ ಸೇರಿಸಬಾರದಿತ್ತು. ಅವು ಪ್ರದೇಶದಿಂದ ಬಂದ ಗುಂಪುಗಳು.

ಮುದ್ರಣದ ಬಗ್ಗೆ ಎರಡು ಮಾತು. ಕಾಗದ ಗಟ್ಟಿ, ಬಣ್ಣ ಕಣ್ಣಿಗೆ ಹೊಡೆಯುವುದಿಲ್ಲ. ಮಡಿಕೆಯ ಗೆರೆ ಯಹೂದಿ ಕಾಲಂನ ಮೇಲೇ ಬಿದ್ದಿದೆ, ಮೊದಲೇ ಕಡಿಮೆ ಇದ್ದ ಅಕ್ಷರ ಅಲ್ಲಿ ಸವೆದುಹೋಗುತ್ತದೆ. ಹಿಂಬದಿಯ ಇಸವಿಗಳು ತೀರಾ ಸಣ್ಣ, ದೂರದಿಂದ ಓದಲಾಗುವುದಿಲ್ಲ.

ಕ್ವಿಜ್‌ಗೆ ಓದುವವರು ಚಾರ್ಟನ್ನು ಬಾಯಿಪಾಠ ಮಾಡುವ ಮುಂಚೆ ಮಹಾವೀರ, ಖಾಲ್ಸಾ, ಸೂಫಿ ಈ ಮೂರನ್ನು ಪೆನ್ನಿನಲ್ಲಿ ತಿದ್ದಿಕೊಳ್ಳಿ. ಪಾಠ ಮಾಡುವವರಾದರೆ ಹಿಂಬದಿಯಿಂದ ಶುರು ಮಾಡಿ, ಮಕ್ಕಳಿಗೆ ಉಪ್ಪಿನ ಕೊಂಬು, ಒಂದು ತಿಂಗಳ ಕ್ಯಾಲೆಂಡರ್ ನೆನಪಿರುತ್ತದೆ. ಗೋಡೆಗೆ ಅಂಟಿಸಬೇಡಿ, ಅಂಟಿಸಿದರೆ ಹಿಂಬದಿ ಹೋಯಿತು. ಎರಡು ಕ್ಲಿಪ್ ಹಾಕಿ ತೂಗುಹಾಕಿ, ಹಿಂಬದಿ ಹೊರಗೆ ಬರುವ ಹಾಗೆ.